ಎರಡು ಅಡಿಗಳ ಕಥೆ

ನಮ್ಮ ಕಡೆಯ ಮದುವೆಗಳಲ್ಲಿ ಮುಯ್ಯಿ ಬರೆದುಕೊಳ್ಳುವ ಕೆಲಸ ಸಾಮಾನ್ಯವಾಗಿ ಶಾಲೆಯ ಮೇಷ್ಟರ ಪಾಲಿಗೆ ಬರುತ್ತದೆ. ಅವರ ಅಕ್ಷರ ಚೆನ್ನಾಗಿರುತ್ತದೆ, ಮೊತ್ತ ಕೂಡುವಾಗ ತಪ್ಪುವುದಿಲ್ಲ ಎಂಬ ನಂಬಿಕೆ ಇದಕ್ಕೆ ಕಾರಣವಿರಬೇಕು. ಮೂವತ್ತು ವರ್ಷ ಗಣಿತ ಕಲಿಸಿದ ನಾನು ಎಷ್ಟೋ ಚಪ್ಪರಗಳ ಮೂಲೆಯಲ್ಲಿ ಕುಳಿತು ಮುಯ್ಯಿ ಪುಸ್ತಕ ತುಂಬಿಸಿದ್ದೇನೆ. 51, 101, 501 - ಪುಟದ ತಲೆಯಿಂದ ಬುಡದವರೆಗೆ ಹುಡುಕಿದರೂ ಸೊನ್ನೆಯಲ್ಲಿ ಮುಗಿಯುವ ಸಂಖ್ಯೆ ಅಲ್ಲಿ ಸಿಕ್ಕುತ್ತಿರಲಿಲ್ಲ. ನೂರರ ನೋಟು ಕೊಟ್ಟವರೊಬ್ಬರು ನಾನು ಲೇಖನಿ ಎತ್ತುವುದರೊಳಗೆ, "ತಾಳಿ ಮೇಷ್ಟ್ರೇ, ಬರೀ ನೂರು ಬರೀಬೇಡಿ" ಎಂದು ಜೇಬುಗಳನ್ನೆಲ್ಲ ತಡಕಿ, ಕೊನೆಗೆ ಪಕ್ಕದವರಿಂದ ಒಂದು ರೂಪಾಯಿ ಸಾಲ ಪಡೆದು ಇಟ್ಟದ್ದನ್ನು ಕಂಡಿದ್ದೇನೆ. ಆ ರೂಪಾಯಿಯಿಂದ ಹೊಸ ಸಂಸಾರಕ್ಕೆ ಆಗಬೇಕಾದದ್ದು ಏನೂ ಇಲ್ಲ. ಆದರೂ ಅದಿಲ್ಲದೆ ನೂರು ಪೂರ್ಣವೆನಿಸುವುದಿಲ್ಲ. ಸೊನ್ನೆಯಲ್ಲಿ ನಿಂತ ಸಂಖ್ಯೆಯ ಬಗೆಗೆ ನಮಗೆ ಏನೋ ಒಂದು ಅಳುಕು.

ಈ ಮುಯ್ಯಿಯ ರೂಪಾಯಿಯನ್ನು ಮುಂದಿಟ್ಟುಕೊಂಡು ನಾನು ತರಗತಿಯಲ್ಲಿ ಪ್ರತಿವರ್ಷವೂ ಒಂದು ಕಥೆ ಹೇಳುತ್ತಿದ್ದೆ. ಜಗತ್ತಿನ ಅತ್ಯುನ್ನತ ಶಿಖರದ ಎತ್ತರವನ್ನು ಭಾರತದ ಸರ್ವೇ ಇಲಾಖೆಯವರು ಮೊದಲ ಬಾರಿಗೆ ಗುಣಿಸಿ ನೋಡಿದಾಗ ಉತ್ತರ ಸರಿಯಾಗಿ 29,000 ಅಡಿ ಬಂದಿತಂತೆ. ಸರ್ವೇಯರ್ ಜನರಲ್ ಆಗಿದ್ದ ಆಂಡ್ರ್ಯೂ ವಾ ಸಾಹೇಬರು ಪೇಚಿಗೆ ಸಿಕ್ಕಿದರಂತೆ. ಸಾಲಾಗಿ ಮೂರು ಸೊನ್ನೆ ನಿಂತ ಈ ಸಂಖ್ಯೆಯನ್ನು ಕಂಡವರು, ಇವರು ಅಳೆದೇ ಇಲ್ಲ, ಕಣ್ಣಂದಾಜಿನಲ್ಲಿ ಹೇಳಿದ್ದಾರೆ ಎಂದುಕೊಂಡಾರು. ಆದ್ದರಿಂದ ಎರಡು ಅಡಿ ಸೇರಿಸಿ 29,002 ಎಂದು ಪ್ರಕಟಿಸಿಬಿಟ್ಟರಂತೆ. ಎವರೆಸ್ಟಿನ ನೆತ್ತಿಯ ಮೇಲೆ ಎರಡು ಅಡಿ ಇಟ್ಟ ಮೊದಲಿಗರು ತೇನ್‌ಸಿಂಗರೂ ಅಲ್ಲ, ಹಿಲರಿಯೂ ಅಲ್ಲ, ದೆಹರಾದೂನಿನ ಕಚೇರಿಯಲ್ಲಿ ಕುಳಿತಿದ್ದ ಈ ವಾ ಸಾಹೇಬರು ಎಂದು ನಾನು ಮುಗಿಸಿದರೆ ಹುಡುಗರು ಘೊಳ್ಳೆಂದು ನಗುತ್ತಿದ್ದರು. ಇಂಗ್ಲಿಷಿನಲ್ಲಿ ಹುಟ್ಟಿದ ಈ ಚಾಟೋಕ್ತಿ ನಮ್ಮ 'ಅಡಿ' ಎಂಬ ಮಾತಿನಲ್ಲಿಯೂ ಕೂದಲೆಳೆಯಷ್ಟು ಕೊಂಕದೆ ನಿಲ್ಲುತ್ತದೆ ಎಂಬುದು ನನಗೆ ಇನ್ನೊಂದು ಸಂತೋಷವಾಗಿತ್ತು.

ಕೇಳುಗರೇ, ಆ ಕಥೆ ನಿಲ್ಲುವಂಥದ್ದಲ್ಲ. ಅದನ್ನು ನನ್ನ ಬಾಯಿಂದ ಕೇಳಿದವರಲ್ಲಿ ಯಾರಾದರೂ ಇಂದು ಈ ಮಾತನ್ನು ಕೇಳುತ್ತಿದ್ದರೆ, ಅವರ ಮುಂದೆ ತಪ್ಪೊಪ್ಪಿಕೊಳ್ಳುವುದೂ ಈ ಭಾಷಣದ ಒಂದು ಉದ್ದೇಶ.

ನಿವೃತ್ತನಾದ ಮೇಲೆ, ಸರ್ವೇ ಇಲಾಖೆ ಪ್ರಕಟಿಸಿದ ಆ ಶಿಖರದ ಲೆಕ್ಕದ ಪಟ್ಟಿ ನನ್ನ ಕಣ್ಣಿಗೆ ಬಿದ್ದಿತು. ಶಿಖರವನ್ನು ಆರು ನೆಲೆಗಳಿಂದ ನೋಡಿ ಅಳೆದಿದ್ದರು. ಆರು ನೆಲೆಗಳಿಂದ ಆರು ಉತ್ತರಗಳು ಬಂದಿದ್ದವು. ಕಾಗದ ಪೆನ್ಸಿಲು ಹತ್ತಿರವಿದ್ದವರು ಬರೆದುಕೊಳ್ಳಬಹುದು: 28,991.6, 29,005.3, 29,001.8, 28,998.6; 29,026.1, 28,990.4. ಇವನ್ನು ಕೂಡಿ ಆರರಿಂದ ಭಾಗಿಸಿದರೆ 29,002.3 ಬರುತ್ತದೆ. ಯಾರೂ ಎರಡು ಅಡಿ ಸೇರಿಸಬೇಕಾಗಿರಲಿಲ್ಲ. ಅದು ಭಾಗಾಕಾರದಿಂದ ತಾನಾಗಿಯೇ ಬಂದದ್ದು. ವಾ ಸಾಹೇಬರು ಮಾಡಿದ್ದಿಷ್ಟೆ, ಕೊನೆಯ 3ನ್ನು ಬಿಟ್ಟರು. ನಾಲ್ಕನೆಯ ತರಗತಿಯ ಹುಡುಗ ಮಾಡಬಹುದಾದ ಈ ಲೆಕ್ಕವನ್ನು ನಾನು ಮೂವತ್ತು ವರ್ಷ ಮಾಡದೆ ಕಥೆಯನ್ನು ಮಾತ್ರ ಹೇಳಿಕೊಂಡು ಬಂದೆನಲ್ಲ ಎಂದು ಆ ದಿನ ನನಗೆ ನಿಜವಾಗಿಯೂ ನಾಚಿಕೆಯಾಯಿತು.

ಆದರೆ ಪಟ್ಟಿಯನ್ನು ನೋಡುತ್ತ ಕುಳಿತಂತೆ ಇನ್ನೊಂದು ಪ್ರಶ್ನೆ ಎದ್ದಿತು. ಅದು ಮೊದಲಿನದಕ್ಕಿಂತ ಗಟ್ಟಿಯಾದದ್ದು. ಆ ಎರಡು ಅಡಿಗಳನ್ನು ಯಾರೂ ಸೇರಿಸಲಿಲ್ಲ, ನಿಜ. ಆದರೆ ಅವನ್ನು ಯಾರಾದರೂ ಅಳೆದಿದ್ದರೆ?

ಅಳೆದದ್ದು ಹೇಗೆಂಬುದನ್ನು ಸ್ವಲ್ಪ ನಿಧಾನವಾಗಿ ನೋಡಬೇಕು. ಈ ಅಳತೆಯ ಬೇರಿನ ಒಂದು ತುದಿ ನಮ್ಮ ನೆಲದಲ್ಲಿದೆ. ಶ್ರೀರಂಗಪಟ್ಟಣ ಬಿದ್ದ ಮರುವರ್ಷ, ಎಂದರೆ 1800ರಲ್ಲಿ, ವಿಲಿಯಂ ಲ್ಯಾಂಬ್ಟನ್ ಎಂಬ ಸೇನಾಧಿಕಾರಿ ಬೆಂಗಳೂರಿನ ಬಳಿ ನೂರಡಿಯ ಉಕ್ಕಿನ ಸರಪಳಿ ಹಿಡಿದು ಏಳು ಮೈಲಿಗೂ ಮೀರಿದ ಒಂದು ನೇರ ರೇಖೆಯನ್ನು ನೆಲದ ಮೇಲೆ ಅಳೆದನು. ತ್ರಿಕೋನದ ಒಂದು ಬದಿ ಗೊತ್ತಾದರೆ ಉಳಿದೆರಡನ್ನು ಕೋನಗಳಿಂದ ಕಂಡುಕೊಳ್ಳಬಹುದು. ಆ ಬದಿಯ ಮೇಲೆ ಇನ್ನೊಂದು ತ್ರಿಕೋನ, ಅದರ ಮೇಲೆ ಮತ್ತೊಂದು. 1802ರಲ್ಲಿ ಮದರಾಸಿನಲ್ಲಿ ವಿಧ್ಯುಕ್ತವಾಗಿ ಮೊದಲಾದ ಈ ತ್ರಿಕೋನಗಳ ಬಲೆ ನಾಲ್ಕು ದಶಕಗಳಲ್ಲಿ ಹಿಮಾಲಯದ ತಪ್ಪಲನ್ನು ಮುಟ್ಟಿತು. ನಡುವೆ ಅಲ್ಲಲ್ಲಿ ಮತ್ತೆ ನೆಲವನ್ನಳೆದು ಲೆಕ್ಕ ತಪ್ಪಿಲ್ಲವೆಂದು ಖಚಿತಪಡಿಸಿಕೊಳ್ಳುತ್ತಿದ್ದರು. 1841ರಲ್ಲಿ ಬೀದರಿನ ಬಳಿ ಅಂಥ ಒಂದು ರೇಖೆಯನ್ನು ಅಳೆದವರು ಇದೇ ಆಂಡ್ರ್ಯೂ ವಾ. ಮುಂದೆ ಎವರೆಸ್ಟಿನ ಎತ್ತರವನ್ನು ಸಾರಿದ ಮನುಷ್ಯ ಬೀದರಿನ ಬಿಸಿಲಿನಲ್ಲಿ ಅಂಗುಲ ಅಂಗುಲಕ್ಕೆ ಬಾಗಿ ನೋಡಿದವರು ಎಂಬುದನ್ನು ನಾವು ನೆನಪಿಡಬೇಕು. ಎರಡು ಅಡಿಯ ಬೆಲೆ ಗೊತ್ತಿಲ್ಲದವರೇನೂ ಅವರಲ್ಲ.

ನೇಪಾಳ ಆಗ ಸರ್ವೇಯವರನ್ನು ಒಳಗೆ ಬಿಡುತ್ತಿರಲಿಲ್ಲ. ಆದ್ದರಿಂದ ಅದರ ದಕ್ಷಿಣದ ಅಂಚಿಗೆ, ತರಾಯಿಯ ಜೌಗುಕಾಡಿನ ಬದಿಯಲ್ಲಿ, ಮಣ್ಣಿನ ಹಾಗೂ ಇಟ್ಟಿಗೆಯ ಗೋಪುರಗಳನ್ನು ಕಟ್ಟಿ ಅವುಗಳ ಮೇಲಿಂದ ನೋಡಬೇಕಾಯಿತು. ಜ್ವರದ ಸೀಮೆ ಅದು. ಸರಪಳಿ ಹೊತ್ತವರು, ಬಾವುಟ ಹಿಡಿದವರು, ಗೋಪುರ ಕಟ್ಟಿದವರು ಎಷ್ಟೋ ಮಂದಿ ಅಲ್ಲಿ ಮಲೇರಿಯಾಕ್ಕೆ ತುತ್ತಾದರು. 1849ರ ನವೆಂಬರಿನ ಕೊನೆಯಿಂದ ಮರುವರ್ಷದ ಜನವರಿಯವರೆಗೆ ಜೇಮ್ಸ್ ನಿಕಲ್ಸನ್ ಎಂಬ ಅಧಿಕಾರಿ ಆರು ಗೋಪುರಗಳಿಂದ 'ಹದಿನೈದನೆಯ ಶಿಖರ'ದತ್ತ ಥಿಯೊಡೊಲೈಟನ್ನು ತಿರುಗಿಸಿ ಕೋನಗಳನ್ನು ಬರೆದುಕೊಂಡರು. ಬೆಟ್ಟಕ್ಕೆ ಆಗ ಇಲಾಖೆಯ ಕಡತದಲ್ಲಿ ಇದ್ದ ಹೆಸರು ಆ ಸಂಖ್ಯೆಯೊಂದೇ. ಟಿಬೆಟ್ಟಿನವರು ಅದನ್ನು ಚೋಮೊಲುಂಗ್ಮಾ ಎಂದು ಕರೆಯುತ್ತಿದ್ದುದು ಕಡತಕ್ಕೆ ಕೇಳಿಸಿರಲಿಲ್ಲ.

ಆ ಗೋಪುರಗಳಿಂದ ಶಿಖರಕ್ಕೆ ಇದ್ದ ದೂರ 108ರಿಂದ 119 ಮೈಲಿ. ಬೆಂಗಳೂರಿನಲ್ಲಿ ನಿಂತು ಮೈಸೂರನ್ನೂ ದಾಟಿ ಅದರಾಚೆಯ ಬೆಟ್ಟದ ತುದಿಯನ್ನು ಅಳೆದಂತೆ ಎಂದು ಭಾವಿಸಿಕೊಳ್ಳಿ. ಇಷ್ಟು ದೂರದಲ್ಲಿ ಕೋನದ ಒಂದು ವಿಕಲೆ, ಎಂದರೆ ಒಂದು ಅಂಶದ 3,600ನೆಯ ಒಂದು ಪಾಲು, ತಪ್ಪಿದರೆ ಎತ್ತರದಲ್ಲಿ ಹೆಚ್ಚುಕಡಿಮೆ ಮೂರು ಅಡಿ ತಪ್ಪುತ್ತದೆ. ಇದು ಸಣ್ಣ ತೊಂದರೆ. ಭೂಮಿ ದುಂಡಗಿರುವುದರಿಂದ 110 ಮೈಲಿ ದೂರದ ವಸ್ತುವಿನ ಬುಡದ ಸುಮಾರು 8,000 ಅಡಿ ಬಾನಂಚಿನ ಕೆಳಗೆ ಅಡಗಿರುತ್ತದೆ. ಇದನ್ನಾದರೂ ಲೆಕ್ಕದಿಂದ ಸರಿಪಡಿಸಬಹುದು. ದೊಡ್ಡ ತೊಂದರೆ ಗಾಳಿಯದು. ಶಿಖರದಿಂದ ಹೊರಟ ಬೆಳಕು ತೆಳುಗಾಳಿಯಿಂದ ದಟ್ಟಗಾಳಿಗೆ ಇಳಿಯುತ್ತ ಬಾಗುತ್ತದೆ. ಹಾಗೆ ಬಾಗಿದ್ದರಿಂದ ಶಿಖರ ಇರುವುದಕ್ಕಿಂತ ಎತ್ತರದಲ್ಲಿ ಕಾಣುತ್ತದೆ. ಎಷ್ಟು ಎತ್ತರದಲ್ಲಿ? ಈ ದೂರದಲ್ಲಿ ಸಾವಿರ ಅಡಿಗೂ ಮಿಕ್ಕಿ. ಅದನ್ನು ಕಳೆಯಬೇಕು. ಆದರೆ ಎಷ್ಟು ಕಳೆಯಬೇಕೆಂಬುದು ಆ ದಿನದ, ಆ ಹೊತ್ತಿನ, ನಡುವಣ ನೂರು ಮೈಲಿಯ ಗಾಳಿಯ ಉಷ್ಣತೆ ಒತ್ತಡಗಳನ್ನು ಅವಲಂಬಿಸಿದೆ. ಆ ಗಾಳಿಯಲ್ಲಿ ಹೋಗಿ ನೋಡಿದವರು ಯಾರೂ ಇಲ್ಲ. ಆ ಕಳೆಯುವ ಮೊತ್ತದಲ್ಲಿ ನೂರಕ್ಕೆ ಒಂದರಷ್ಟು ಎಡವಿದರೂ ಶಿಖರ ಹತ್ತು ಅಡಿಗೂ ಹೆಚ್ಚಾಗಿ ಏಳುತ್ತದೆ ಅಥವಾ ಬೀಳುತ್ತದೆ.

ಈಗ ಮತ್ತೆ ಆ ಆರು ಸಂಖ್ಯೆಗಳನ್ನು ನೋಡಿ. ಅವುಗಳಲ್ಲಿ ದೊಡ್ಡದಕ್ಕೂ ಚಿಕ್ಕದಕ್ಕೂ ಮೂವತ್ತೈದು ಅಡಿಗೂ ಮೀರಿದ ಅಂತರವಿದೆ. ಒಂದು ತೆಂಗಿನ ಮರದಷ್ಟು. ಇಂಥ ಆರು ಅಳತೆಗಳ ಸರಾಸರಿಯ ಕೊನೆಯಲ್ಲಿ ನಿಂತ 2, ಮುಂದಿರುವ 29ರಷ್ಟೇ ಧೈರ್ಯದಿಂದ ನಿಂತಿದೆ. ನೋಡಿದವರಿಗೆ ಐದು ಅಂಕಿಗಳೂ ಒಂದೇ ಮನೆತನದವು.

ಇಲ್ಲಿ ನನ್ನ ಕಾಲೇಜಿನ ದಿನದ ಒಂದು ಪ್ರಸಂಗ ಹೇಳದೆ ಮುಂದುವರಿಯಲಾರೆ. ಪ್ರಯೋಗಶಾಲೆಯಲ್ಲಿ ಒಂದು ಹಿತ್ತಾಳೆಯ ತಗಡು ಕೊಟ್ಟು ವಿಸ್ತೀರ್ಣ ಕಂಡುಹಿಡಿಯಲು ಹೇಳಿದ್ದರು. ಅಳತೆಪಟ್ಟಿಯಿಟ್ಟು ನೋಡಿದೆ: ಉದ್ದ 12.3 ಸೆಂಟಿಮೀಟರು, ಅಗಲ 4.6. ಗುಣಿಸಿದರೆ 56.58. ಹಾಗೆಯೇ ಬರೆದು, ಕೆಳಗೆ ಎರಡು ಗೆರೆ ಎಳೆದು ಒಪ್ಪಿಸಿದೆ. ನಮ್ಮ ಮೇಷ್ಟ್ರು ಆ ಕೊನೆಯ 8ರ ಸುತ್ತ ಕೆಂಪು ಮಸಿಯಲ್ಲಿ ಒಂದು ಉಂಗುರ ಬರೆದು ಕೇಳಿದರು: "ಇದನ್ನು ಕಂಡವನು ನೀನೋ, ನಿನ್ನ ಗುಣಾಕಾರವೋ?" ನಾನು ತಡಬಡಿಸಿದೆ. ಅವರೇ ವಿವರಿಸಿದರು. 12.3 ಎಂದು ನೀನು ಓದಿದ್ದು ನಿಜವಾಗಿ 12.25ರಿಂದ 12.35ರ ನಡುವೆ ಎಲ್ಲಿಯಾದರೂ ಇರಬಹುದು, 4.6 ಕೂಡ ಹಾಗೆಯೇ. ಕಡಿಮೆಯದನ್ನೆಲ್ಲ ತೆಗೆದುಕೊಂಡು ಗುಣಿಸಿದರೆ 55.7, ಹೆಚ್ಚಿನದನ್ನೆಲ್ಲ ತೆಗೆದುಕೊಂಡರೆ 57.4. ಹಾಗಿದ್ದಾಗ ದಶಾಂಶ ಬಿಂದುವಿನಾಚೆಯ ಈ 5, ಈ 8 ಎಲ್ಲಿಂದ ಬಂದವು? 57 ಎಂದು ಬರೆ, ಸಾಕು. ಅದರಲ್ಲಿ ಕೂಡ 5 ಗಟ್ಟಿ, 7 ಅನುಮಾನ. ಹೀಗೆ ಅಳತೆಯಿಂದ ಹುಟ್ಟಿದ ಅಂಕಿಗಳಿಗೆ ಸಾರ್ಥಕ ಅಂಕಿಗಳೆಂದು ಹೆಸರು, ಗುಣಾಕಾರದಿಂದ ಹುಟ್ಟಿದವಕ್ಕೆ ಹೆಸರಿಲ್ಲ ಎಂದು ನಕ್ಕು ಪುಸ್ತಕ ಹಿಂದಿರುಗಿಸಿದರು. ಅಂಕ ಕೊಡಲಿಲ್ಲ.

ಆ ಮೇಷ್ಟರ ಕೈಗೆ 29,002ನ್ನು ಕೊಟ್ಟಿದ್ದರೆ ಕೊನೆಯ 2ರ ಸುತ್ತ ಉಂಗುರ ಬೀಳುತ್ತಿತ್ತು. ಅದರ ಹಿಂದಿನ ಸೊನ್ನೆಯ ಸುತ್ತಲೂ ಬೀಳುತ್ತಿತ್ತೇನೋ. ಅವರು ಬರೆಸುತ್ತಿದ್ದ ಉತ್ತರ 29,000. ದಂತಕಥೆಯಲ್ಲಿ ವಾ ಸಾಹೇಬರು ಹೆದರಿ ಬಿಟ್ಟರೆನ್ನುವ ಸಂಖ್ಯೆಯೇ ಅವರ ಕೈಯಲ್ಲಿದ್ದ ತಿಳಿವಳಿಕೆಗೆ ಹೆಚ್ಚು ಒಪ್ಪುವ ಸಂಖ್ಯೆಯಾಗಿತ್ತು! ಕಥೆ ಸುಳ್ಳಾದರೂ ಅದರೊಳಗಿನ ಇಕ್ಕಟ್ಟು ಸುಳ್ಳಲ್ಲ.

ಏಕೆಂದರೆ ಸೊನ್ನೆಗೆ ನಾವು ಎರಡು ಕೆಲಸ ಹಚ್ಚಿದ್ದೇವೆ. ನೋಡಿದೆ, ಇಲ್ಲಿ ಏನೂ ಇಲ್ಲ ಎಂದು ಸಾಕ್ಷಿ ಹೇಳುವುದು ಒಂದು. ಇಲ್ಲಿ ಏನಿದೆಯೋ ತಿಳಿಯದು, ಆದರೂ ಸ್ಥಾನ ಬಿಡುವಂತಿಲ್ಲ ಎಂದು ಜಾಗ ಹಿಡಿದು ಕೂರುವುದು ಇನ್ನೊಂದು. ಎರಡು ಕೆಲಸಕ್ಕೂ ಒಂದೇ ಉಡುಪು. ನಮ್ಮ ಶಾಸನಗಳನ್ನು ಓದುವವರಿಗೆ ಈ ತೊಡಕು ಹೊಸದಲ್ಲ. ಬನವಾಸಿ 12,000, ಗಂಗವಾಡಿ 96,000, ನೊಳಂಬವಾಡಿ 32,000 ಎಂದು ನಾಡುಗಳ ಹೆಸರಿನೊಂದಿಗೇ ಸಂಖ್ಯೆ ಬರುತ್ತದೆ. ಅದು ಹಳ್ಳಿಗಳ ಎಣಿಕೆಯೋ, ಕಂದಾಯದ ಮೊತ್ತವೋ, ಬರಿಯ ರೂಢಿಯೋ ಎಂದು ವಿದ್ವಾಂಸರು ವಾದಿಸುತ್ತಲೇ ಬಂದಿದ್ದಾರೆ. ಆ ಸೊನ್ನೆಗಳಲ್ಲಿ ಯಾವುದು ಎಣಿಸಿದ ಸೊನ್ನೆ, ಯಾವುದು ಸುಮ್ಮನೆ ಕುಳಿತ ಸೊನ್ನೆ ಎಂದು ಕಲ್ಲು ಹೇಳುವುದಿಲ್ಲ. ಇಂದಿನ ವಿಜ್ಞಾನಿಗಳು ಇದಕ್ಕೊಂದು ಉಪಾಯ ಮಾಡಿಕೊಂಡಿದ್ದಾರೆ. 29,000 ಎಂದು ಬರೆಯುವ ಬದಲು 2.90ನ್ನು ಹತ್ತರ ನಾಲ್ಕನೆಯ ಘಾತದಿಂದ ಗುಣಿಸಿದ್ದು ಎಂದು ಬರೆಯುತ್ತಾರೆ. ಆಗ ಮೂರು ಅಂಕಿಗಳಿಗೆ ಮಾತ್ರ ನಾನು ಹೊಣೆ ಎಂಬುದು ಸ್ಪಷ್ಟವಾಗುತ್ತದೆ. ಪತ್ರಿಕೆಯ ತಲೆಬರಹಕ್ಕೆ ಇದು ಒಗ್ಗುವಂತಿಲ್ಲ, ನಿಜ.

ನಮ್ಮ ಹಿಂದಿನವರಿಗೆ ಈ ವಿವೇಕವಿತ್ತೇ ಎಂದು ಕೇಳಿದರೆ, ಇತ್ತು ಎಂದೇ ಹೇಳಬೇಕು. ಆರ್ಯಭಟ ಸಾಮಾನ್ಯಶಕ 499ರ ತನ್ನ ಗ್ರಂಥದಲ್ಲಿ, ವ್ಯಾಸ 20,000 ಇದ್ದ ವೃತ್ತದ ಪರಿಧಿ 62,832 ಎಂದು ಹೇಳಿ, ಪಕ್ಕದಲ್ಲಿಯೇ 'ಆಸನ್ನ' ಎಂಬ ಒಂದು ಮಾತನ್ನು ಇಟ್ಟಿದ್ದಾನೆ. ಆಸನ್ನ ಎಂದರೆ ಸಮೀಪದ್ದು, ಅದೇ ಅಲ್ಲ. ಸಾವಿರ ವರ್ಷದ ಮೇಲೆ ಕೇರಳದ ನೀಲಕಂಠ ಸೋಮಯಾಜಿ ಈ ಒಂದು ಪದದ ಮೇಲೆ ನಿಂತು ವ್ಯಾಖ್ಯಾನ ಬರೆದ. ವಾಸ್ತವ ಬೆಲೆಯನ್ನು ಬಿಟ್ಟು ಆಸನ್ನವನ್ನೇಕೆ ಹೇಳಿದನೆಂದರೆ, ವಾಸ್ತವವನ್ನು ಹೇಳಲು ಆಗುವುದಿಲ್ಲ. ವ್ಯಾಸವನ್ನು ಶೇಷವಿಲ್ಲದೆ ಅಳೆಯುವ ಮಾನದಿಂದ ಪರಿಧಿಯನ್ನು ಅಳೆದರೆ ಶೇಷ ಉಳಿದೇ ಉಳಿಯುತ್ತದೆ ಎಂಬುದು ಅವನ ವಿವರಣೆ. ಐದಂಕಿಯ ಸಂಖ್ಯೆಯನ್ನು ಕೊಡುವಾಗಲೂ 'ಇದು ಹತ್ತಿರದ್ದು' ಎಂದು ಹೇಳಿಬಿಡುವ ಆರ್ಯಭಟನ ಆ ಸೌಜನ್ಯ ನನಗೆ ಅವನ ಎಲ್ಲ ಗಣಿತಕ್ಕಿಂತ ಪ್ರಿಯವಾದದ್ದು.

ನೃಪತುಂಗನ ಕಾಲದಲ್ಲಿ ನಮ್ಮ ನಾಡಿನಲ್ಲಿದ್ದ ಮಹಾವೀರಾಚಾರ್ಯ 'ಗಣಿತಸಾರಸಂಗ್ರಹ'ದಲ್ಲಿ ವೃತ್ತಕ್ಕೆ ಎರಡು ಲೆಕ್ಕ ಕೊಡುತ್ತಾನೆ. ವ್ಯವಹಾರಕ್ಕೆ ವ್ಯಾಸದ ಮೂರರಷ್ಟು, ಸೂಕ್ಷ್ಮಕ್ಕೆ ಹತ್ತರ ವರ್ಗಮೂಲದಷ್ಟು. 1150ರ 'ಲೀಲಾವತಿ'ಯಲ್ಲಿ ಭಾಸ್ಕರಾಚಾರ್ಯನೂ ಹೀಗೆಯೇ ಸ್ಥೂಲಕ್ಕೆ ಇಪ್ಪತ್ತೆರಡರ ಏಳನೆಯ ಒಂದು ಪಾಲು, ಸೂಕ್ಷ್ಮಕ್ಕೆ 3,927ರ 1,250ನೆಯ ಒಂದು ಪಾಲು ಎಂದು ಬೇರೆ ಮಾಡಿ ಹೇಳುತ್ತಾನೆ. ಬಾವಿಗೆ ಕಲ್ಲು ಕಟ್ಟುವವನಿಗೆ ಎಷ್ಟು ಸಾಕು, ಗ್ರಹಣ ಗುಣಿಸುವವನಿಗೆ ಎಷ್ಟು ಬೇಕು ಎಂಬ ವಿವೇಚನೆ ಇಲ್ಲಿದೆ. ಒಂದು ಮಾತನ್ನು ಮರೆಮಾಚಬಾರದು: ಮಹಾವೀರನ ಸೂಕ್ಷ್ಮ, ಅವನಿಗಿಂತ ಮೂರೂವರೆ ಶತಮಾನ ಹಿಂದಿನ ಆರ್ಯಭಟನ ಆಸನ್ನಕ್ಕಿಂತ ಒರಟು. ಹತ್ತರ ವರ್ಗಮೂಲ 3.162, ಆರ್ಯಭಟನದು 3.1416. ಸೂಕ್ಷ್ಮವೆಂದು ಹೆಸರಿಟ್ಟ ಮಾತ್ರಕ್ಕೆ ಸೂಕ್ಷ್ಮವಾಗುವುದಿಲ್ಲ, ಸಂಖ್ಯೆ ಉದ್ದವಾದ ಮಾತ್ರಕ್ಕೂ ಆಗುವುದಿಲ್ಲ.

ಎವರೆಸ್ಟಿಗೆ ಮರಳೋಣ. 1856ರ ಮಾರ್ಚ್‌ನಲ್ಲಿ ವಾ ಅವರು ಪತ್ರ ಬರೆದು ಶಿಖರದ ಎತ್ತರವನ್ನೂ ಅದಕ್ಕೆ ತಮ್ಮ ಹಿಂದಿನ ಸರ್ವೇಯರ್ ಜನರಲ್ ಆಗಿದ್ದ ಜಾರ್ಜ್ ಎವರೆಸ್ಟರ ಹೆಸರನ್ನೂ ತಿಳಿಸಿದರು. ಮುಂದೆ ಅರ್ಧ ಶತಮಾನದ ಬಳಿಕ, ಡಾರ್ಜಿಲಿಂಗ್ ಬೆಟ್ಟಗಳ ಕಡೆಯಿಂದ ನೋಡಿದ ಕೋನಗಳನ್ನೂ ಗಾಳಿಯ ಬಾಗುವಿಕೆಗೆ ಹೊಸ ಲೆಕ್ಕವನ್ನೂ ಸೇರಿಸಿಕೊಂಡು ಸಿಡ್ನಿ ಬರಾರ್ಡ್ ಗುಣಿಸಿದಾಗ 29,141 ಬಂದಿತು. ನೂರಮೂವತ್ತೊಂಬತ್ತು ಅಡಿ ಏರಿಕೆ! ಬೆಟ್ಟ ಅಲುಗಲಿಲ್ಲ, ಕಳೆಯುವ ಮೊತ್ತ ಬದಲಾಯಿತು, ಅಷ್ಟೆ. 29,002ರ ಕೊನೆಯ ಎರಡು ಅಡಿಗೆ ಅರ್ಥವಿತ್ತೇ ಎಂಬ ನನ್ನ ಪ್ರಶ್ನೆಗೆ ಇದಕ್ಕಿಂತ ಸ್ಪಷ್ಟವಾದ ಉತ್ತರ ಬೇಕಿರಲಿಲ್ಲ. ಆದರೂ ಶಾಲೆಯ ಭೂಪಟಗಳು ಬಹುಕಾಲ 29,002ನ್ನೇ ಅಚ್ಚು ಹಾಕುತ್ತಿದ್ದವು.

ನೇಪಾಳದ ಬಾಗಿಲು ತೆರೆದ ಮೇಲೆ, 1950ರ ದಶಕದಲ್ಲಿ ಭಾರತೀಯ ಸರ್ವೇಯವರು ಹತ್ತಿರದ ನೆಲೆಗಳಿಂದ ಮತ್ತೆ ಅಳೆದರು. ಬಿ. ಎಲ್. ಗುಲಾಟಿಯವರ ಮೇಲ್ವಿಚಾರಣೆಯಲ್ಲಿ ಬಂದ ಉತ್ತರ 29,028 ಅಡಿ. ಅದೇ ದಶಕದಲ್ಲಿ ದೇಶ ಮೆಟ್ರಿಕ್ ಮಾನಕ್ಕೆ ತಿರುಗಿತು. 29,028 ಅಡಿಯನ್ನು ಮೀಟರಿಗೆ ತಿರುಗಿಸಿದರೆ 8,847.7, ದುಂಡಾಗಿಸಿ 8,848 ಎಂದರು. ಸರಿಯೇ. ಅನಂತರದ ಪುಸ್ತಕಗಳವರು ಈ 8,848ನ್ನು ಪುನಃ ಅಡಿಗೆ ತಿರುಗಿಸಿದರು. ಬಂದದ್ದು 29,028.9, ದುಂಡಾಗಿಸಿದರೆ 29,029. ಈ ಸಂಖ್ಯೆಯನ್ನು ನೀವು ಎಷ್ಟೋ ಕಡೆ ಓದಿರುತ್ತೀರಿ. ಹೀಗೆ ಒಂದು ಮಾನದಿಂದ ಇನ್ನೊಂದಕ್ಕೆ ಹೋಗಿ ಬರುವ ದಾರಿಯಲ್ಲಿ ಬೆಟ್ಟ ಒಂದು ಅಡಿ ಬೆಳೆಯಿತು. ವಾ ಸಾಹೇಬರ ಮೇಲೆ ಹೊರಿಸಿದ ತಪ್ಪನ್ನು ನಿಜವಾಗಿ ಮಾಡಿದವರು ಯಾವ ದುರುದ್ದೇಶವೂ ಇಲ್ಲದ ಈ ಪುಸ್ತಕದವರು. ಅವರ ಮೇಲೆ ಮಾತ್ರ ಯಾರೂ ಕಥೆ ಕಟ್ಟಲಿಲ್ಲ.

ಕಥೆಯ ಮಾತು ಬಂದಿತು. ರಾಧಾನಾಥ ಸಿಕ್ದಾರರ ಬಗೆಗೂ ಇಂಥದೇ ಒಂದು ಕಥೆಯಿದೆ. ಕಲ್ಕತ್ತೆಯ ಹಿಂದೂ ಕಾಲೇಜಿನಲ್ಲಿ ಓದಿ, 1831ರಲ್ಲಿ ಸರ್ವೇ ಸೇರಿ, ಮುಖ್ಯ ಗಣಕರಾಗಿ ಬೆಳೆದ ದೊಡ್ಡ ಗಣಿತಜ್ಞರು ಅವರು. ಒಂದು ಬೆಳಗ್ಗೆ ಅವರು ವಾ ಅವರ ಕೋಣೆಗೆ ನುಗ್ಗಿ, ಲೋಕದ ಅತ್ಯುನ್ನತ ಶಿಖರವನ್ನು ಕಂಡುಹಿಡಿದೆ ಎಂದು ಕೂಗಿದರಂತೆ. ಆ ವರ್ಷಗಳಲ್ಲಿ ಸಿಕ್ದಾರರು ಇದ್ದದ್ದು ಕಲ್ಕತ್ತೆಯಲ್ಲಿ, ವಾ ಇದ್ದದ್ದು ದೆಹರಾದೂನಿನಲ್ಲಿ. ನಡುವೆ ನೂರಾರು ಮೈಲಿ. ನುಗ್ಗಲು ಕೋಣೆಯೇ ಇರಲಿಲ್ಲ. ಕೋನ ನೋಡಿದ ನಿಕಲ್ಸನ್, ಸೂತ್ರಗಳನ್ನು ಸಿದ್ಧಪಡಿಸಿದ ಸಿಕ್ದಾರ್, ವರ್ಷಗಟ್ಟಲೆ ಗುಣಿಸಿದ ಕಚೇರಿಯ ಗಣಕರು, ತರಾಯಿಯಲ್ಲಿ ಜ್ವರಕ್ಕೆ ಸತ್ತ ಖಲಾಸಿಗಳು, ಇವರೆಲ್ಲರ ಮೊತ್ತವನ್ನು ಒಂದು ಬೆಳಗ್ಗೆಗೆ, ಒಂದು ಕೂಗಿಗೆ ಇಳಿಸಿದಾಗ ಕೇಳಲು ಇಂಪಾಗುತ್ತದೆ. ಸಿಕ್ದಾರರ ಹೆಸರನ್ನು ಬೆಟ್ಟಕ್ಕಿಡಲಿಲ್ಲ ಎಂಬ ನೋವಿನಿಂದ ಹುಟ್ಟಿದ ಕಥೆ ಅದು. ಆ ನೋವು ನ್ಯಾಯವಾದದ್ದೇ. ಆದರೆ ಅವರ ನಿಜವಾದ ಕೆಲಸಕ್ಕೆ ಈ ಕಥೆಯಿಂದ ನ್ಯಾಯ ಸಿಕ್ಕುವುದೆಂದು ನನಗೆ ಅನ್ನಿಸುವುದಿಲ್ಲ.

2005ರಲ್ಲಿ ಚೀನಾದವರು ಹಿಮವನ್ನು ಬಿಟ್ಟು ಬಂಡೆಯ ನೆತ್ತಿಯನ್ನು ಮಾತ್ರ ಅಳೆದು 8,844.43 ಮೀಟರು ಎಂದರು. ಅದರೊಂದಿಗೆ, ಇದರಲ್ಲಿ 0.21 ಮೀಟರು ಹೆಚ್ಚುಕಡಿಮೆ ಇರಬಹುದು ಎಂದೂ ಹೇಳಿದರು. ಆ ಎರಡನೆಯ ಮಾತನ್ನು ಓದಿದಾಗ ನನಗೆ ನಮ್ಮ ಪ್ರಯೋಗಶಾಲೆಯ ಮೇಷ್ಟ್ರು ನೆನಪಾದರು. 2020ರ ಡಿಸೆಂಬರ್ 8ರಂದು ನೇಪಾಳ ಮತ್ತು ಚೀನಾ ಜೊತೆಯಾಗಿ, ಈ ಬಾರಿ ಹಿಮವನ್ನೂ ಸೇರಿಸಿ, 8,848.86 ಮೀಟರು ಎಂದು ಸಾರಿದವು. ಉಪಗ್ರಹಗಳ ಸಹಾಯದಿಂದ ಶಿಖರದ ಮೇಲೆಯೇ ಉಪಕರಣವಿಟ್ಟು ಅಳೆದದ್ದು ಅದು. ಅಡಿಯಲ್ಲಿ ಹೇಳುವುದಾದರೆ 29,032ರ ಸಮೀಪ. ಎಂದರೆ ವಾ ಅವರ ಸಂಖ್ಯೆ ಇದಕ್ಕಿಂತ ಸುಮಾರು ಮೂವತ್ತು ಅಡಿ ತಗ್ಗಿತ್ತು. 29,000ಕ್ಕೂ 29,002ಕ್ಕೂ ಇರುವ ವ್ಯತ್ಯಾಸ ಅದರಲ್ಲಿ ಎಲ್ಲೋ ಮುಳುಗಿಹೋಗುತ್ತದೆ. ನೂರು ಮೈಲಿ ದೂರದ ಮಣ್ಣಿನ ಗೋಪುರದಿಂದ, ಬಾಗುವ ಗಾಳಿಯ ಮೂಲಕ ನೋಡಿ ಸಾವಿರಕ್ಕೆ ಒಂದೇ ಒಂದರಷ್ಟು ತಪ್ಪಿದ ಆ ಕೆಲಸಕ್ಕೆ ನಾನು ಕೈಮುಗಿಯುತ್ತೇನೆ. ಬೇಡವಾಗಿದ್ದದ್ದು ಆ 2 ಮಾತ್ರ.

ಮೊನ್ನೆ ಮೊಮ್ಮಗಳು ಪರೀಕ್ಷೆಗೆ ಓದುತ್ತ, "ತಾತ, 8,848 ಅಂತ ಬರೀಲಾ, 8,848.86 ಅಂತ ಬರೀಲಾ?" ಎಂದು ಕೇಳಿದಳು. ಮೇಲಿನ ಹಿಮ ಗಾಳಿಗೆ ಕರಗಿ ಕೂಡುತ್ತಿರುವಾಗ ಆ ಕೊನೆಯ 6 ಯಾವ ದಿನದ್ದು ಎಂದು ವಿವರಿಸಲು ಹೊರಟೆ. ಅವಳಿಗೆ ಅಷ್ಟು ಪುರುಸೊತ್ತಿರಲಿಲ್ಲ. ನಿಮ್ಮ ಮೇಷ್ಟ್ರು ಹೇಳಿದಂತೆ ಬರೆ ಎಂದೆ. ನನ್ನ ಬಳಿ ಇರುವ ಹಳೆಯ ಭೂಪಟದಲ್ಲಿ 29,002 ಎಂದೇ ಇದೆ. ಅದನ್ನು ನಾನು ಹೊಡೆದು ಹಾಕಿಲ್ಲ. ಅಂಚಿನಲ್ಲಿ ಪೆನ್ಸಿಲಿನಿಂದ ಆ ಆರು ಸಂಖ್ಯೆಗಳನ್ನು ಒಂದರ ಕೆಳಗೊಂದು ಬರೆದಿಟ್ಟಿದ್ದೇನೆ.